ಆಮ್ಲ ತಗ್ಗಿಸುವ ಮಾತ್ರೆಯನ್ನು ಮುನ್ನೆಚ್ಚರಿಕೆಗಾಗಿ ಯಾರು, ಎಷ್ಟು, ಎಲ್ಲಿಯವರೆಗೆ ತೆಗೆದುಕೊಳ್ಳಬೇಕು?

ಮಂಡಿನೋವಿಗೋ, ಬೆನ್ನುನೋವಿಗೋ, ಹೃದಯದ ರಕ್ತನಾಳದ ತೊಂದರೆಗೋ ಔಷಧಿ ಬರೆದುಕೊಡುವಾಗ ಚೀಟಿಯ ಕೊನೆಯ ಸಾಲಿನಲ್ಲಿ ಒಂದು ‘ಗ್ಯಾಸ್ಟ್ರಿಕ್ ಮಾತ್ರೆ’ಯೂ ಇರುವುದು ಎಷ್ಟು ವಾಡಿಕೆಯಾಗಿದೆಯೆಂದರೆ, ಅದನ್ನು ಏಕೆ ಬರೆದರು, ಎಷ್ಟು ದಿನಕ್ಕೆ ಬರೆದರು ಎಂದು ಕೇಳುವವರೇ ಅಪರೂಪ. ಇದರಿಂದ ಎರಡು ಬಗೆಯ ತಪ್ಪುಗಳು ಅಕ್ಕಪಕ್ಕದಲ್ಲೇ ನಡೆಯುತ್ತವೆ. ಅಗತ್ಯವೇ ಇಲ್ಲದವರು ಅದನ್ನು ವರ್ಷಗಟ್ಟಲೆ ನುಂಗುತ್ತಾರೆ. ಅತ್ಯಗತ್ಯವಾಗಿ ತೆಗೆದುಕೊಳ್ಳಬೇಕಾದವರು, ‘ನನಗೆ ಎದೆಯುರಿಯೇ ಇಲ್ಲವಲ್ಲ’ ಎಂದುಕೊಂಡು ಬಿಟ್ಟುಬಿಡುತ್ತಾರೆ. ಎರಡನೆಯ ತಪ್ಪು ಹೆಚ್ಚು ಅಪಾಯಕಾರಿ. ನೋವಿನ ಮಾತ್ರೆಯಿಂದಾಗುವ ಹೊಟ್ಟೆಹುಣ್ಣು ಎಷ್ಟೋ ಜನರಲ್ಲಿ ಯಾವ ಮುನ್ಸೂಚನೆಯೂ ಇಲ್ಲದೆ ಬೆಳೆಯುತ್ತದೆ ಮತ್ತು ಅದರ ಮೊದಲ ಲಕ್ಷಣವೇ ರಕ್ತಸ್ರಾವವಾಗಿರಬಹುದು. ಆದ್ದರಿಂದ ಮುನ್ನೆಚ್ಚರಿಕೆಯ ಮಾತ್ರೆ ಬೇಕೋ ಬೇಡವೋ ಎಂಬುದನ್ನು ಹೊಟ್ಟೆಯ ಉರಿಯನ್ನು ನೋಡಿ ತೀರ್ಮಾನಿಸಲಾಗದು. ಆ ವ್ಯಕ್ತಿಗೆ ಹುಣ್ಣಾಗುವ ಅಪಾಯ ಎಷ್ಟಿದೆ ಎಂಬುದನ್ನು ನೋಡಿಯೇ ತೀರ್ಮಾನಿಸಬೇಕು.

ಇಲ್ಲಿ ಹೇಳಿರುವ ಪ್ರಮಾಣಗಳೆಲ್ಲ ವಯಸ್ಕರಿಗೆ ಸಂಬಂಧಿಸಿದವು. ಮಕ್ಕಳಿಗೆ ತೂಕಕ್ಕೆ ತಕ್ಕಂತೆ ವೈದ್ಯರೇ ಲೆಕ್ಕ ಹಾಕಬೇಕಾಗುತ್ತದೆ. ಈಗಾಗಲೇ ವೈದ್ಯರು ಬರೆದುಕೊಟ್ಟಿರುವ ಮಾತ್ರೆಯನ್ನು ಈ ಲೇಖನ ಓದಿದ ಮಾತ್ರಕ್ಕೆ ನಿಲ್ಲಿಸಬೇಡಿ. ಓದಿದ ಮೇಲೆ ಮೂಡುವ ಪ್ರಶ್ನೆಗಳನ್ನು ಮುಂದಿನ ಭೇಟಿಯಲ್ಲಿ ಅವರ ಮುಂದಿಡಿ.

ಮೊದಲ ಹೆಜ್ಜೆ: ಕೈಯಲ್ಲಿರುವ ಮಾತ್ರೆ ಯಾವುದೆಂದು ತಿಳಿಯಿರಿ

ಜನರ ಬಾಯಲ್ಲಿ ಎಲ್ಲವೂ ‘ಗ್ಯಾಸ್ ಮಾತ್ರೆ’ಯೇ ಆದರೂ ಇವುಗಳಲ್ಲಿ ಮೂರು ಬೇರೆ ಬೇರೆ ಗುಂಪುಗಳಿವೆ. ಅಲ್ಯೂಮಿನಿಯಂ, ಮೆಗ್ನೀಶಿಯಂ ಅಥವಾ ಕ್ಯಾಲ್ಸಿಯಂ ಲವಣಗಳಿರುವ ಆಂಟಾಸಿಡ್‌ಗಳು ಈಗಾಗಲೇ ಹೊಟ್ಟೆಯಲ್ಲಿರುವ ಆಮ್ಲವನ್ನು ಶಮನ ಮಾಡುತ್ತವೆ. ನಿಮಿಷಗಳಲ್ಲಿ ಆರಾಮ ಕೊಟ್ಟರೂ ಅವುಗಳ ಪ್ರಭಾವ ಬೇಗ ಇಳಿದುಹೋಗುವುದರಿಂದ ಹುಣ್ಣನ್ನು ತಡೆಯುವ ಕೆಲಸಕ್ಕೆ ಅವು ಒದಗುವುದಿಲ್ಲ. ಎರಡನೆಯದು ಎಚ್2 ತಡೆಗಳ ಗುಂಪು, ಅಂದರೆ ಆಮ್ಲ ಸುರಿಸುವಂತೆ ಜಠರಕ್ಕೆ ಬರುವ ಒಂದು ಸಂಕೇತವನ್ನು ತಡೆಯುವ ಔಷಧಿಗಳು. ಹೆಸರಿನ ಕೊನೆಯಲ್ಲಿ ‘ಟಿಡಿನ್’ ಎಂದಿರುತ್ತದೆ. 1970ರ ದಶಕದಲ್ಲಿ ಬಂದ ಸಿಮೆಟಿಡಿನ್ ಈ ಗುಂಪಿನ ಹಿರಿಯ ಔಷಧಿಯಾದರೆ, ಇಂದು ಹೆಚ್ಚಾಗಿ ಬಳಕೆಯಲ್ಲಿರುವುದು ಫ್ಯಾಮೋಟಿಡಿನ್. ಇದೇ ಗುಂಪಿನ ರಾನಿಟಿಡಿನ್‌ನಲ್ಲಿ ಎನ್‌ಡಿಎಂಎ ಎಂಬ ಕಲ್ಮಶ ಪತ್ತೆಯಾದ್ದರಿಂದ 2019 ಮತ್ತು 2020ರಲ್ಲಿ ಹಲವು ದೇಶಗಳು ಅದನ್ನು ಮಾರುಕಟ್ಟೆಯಿಂದ ಹಿಂದಕ್ಕೆ ಪಡೆದವು. ಮೂರನೆಯದು ಜಠರದಲ್ಲಿ ಆಮ್ಲ ಸುರಿಸುವ ಪಂಪ್‌ಗಳನ್ನೇ ನಿಲ್ಲಿಸುವ ಪ್ರೋಟಾನ್ ಪಂಪ್ ತಡೆಗಳು, ಅಂದರೆ ವೈದ್ಯರು ಪಿಪಿಐ ಎಂದು ಕರೆಯುವ ಗುಂಪು. ಒಮೆಪ್ರಜೋಲ್, ಎಸೊಮೆಪ್ರಜೋಲ್, ಪ್ಯಾಂಟೊಪ್ರಜೋಲ್, ರಾಬೆಪ್ರಜೋಲ್, ಲ್ಯಾನ್ಸೊಪ್ರಜೋಲ್ ಇವೆಲ್ಲ ಈ ಗುಂಪಿಗೆ ಸೇರಿದವು. ಮುನ್ನೆಚ್ಚರಿಕೆಗೆ ಇಂದು ಮುಖ್ಯವಾಗಿ ಬಳಸುವುದು ಈ ಗುಂಪನ್ನೇ.

ಪಟ್ಟಿಯ ಹಿಂಬದಿಯ ಸಣ್ಣ ಅಕ್ಷರಗಳನ್ನು ಒಮ್ಮೆ ಓದುವುದು ಒಳ್ಳೆಯದು. ಕೆಲವು ಕ್ಯಾಪ್ಸೂಲ್‌ಗಳಲ್ಲಿ ಪಿಪಿಐ ಜೊತೆಗೆ ಡೊಂಪೆರಿಡೋನ್ ಎಂಬ ಮತ್ತೊಂದು ಔಷಧಿಯೂ ಸೇರಿರುತ್ತದೆ. ಅದು ವಾಕರಿಕೆ ಮತ್ತು ವಾಂತಿಗೆ ಕೊಡುವ ಔಷಧಿಯಾಗಿದ್ದು, ಹುಣ್ಣು ತಡೆಯುವುದರಲ್ಲಿ ಅದರ ಪಾತ್ರವೇನೂ ಇಲ್ಲ. ಅದು ಹೃದಯದ ಬಡಿತದ ಲಯವನ್ನು ಕೆಡಿಸಬಹುದೆಂಬ ಕಾರಣಕ್ಕೆ ಯುರೋಪಿನ ಔಷಧ ನಿಯಂತ್ರಣ ಸಂಸ್ಥೆಯು 2014ರಲ್ಲಿ ಅದರ ಬಳಕೆಯನ್ನು ಸಾಮಾನ್ಯವಾಗಿ ಒಂದು ವಾರಕ್ಕೆ ಸೀಮಿತಗೊಳಿಸಿತು. ತಿಂಗಳುಗಟ್ಟಲೆ ತೆಗೆದುಕೊಳ್ಳಬೇಕಾದ ಮುನ್ನೆಚ್ಚರಿಕೆಯ ಮಾತ್ರೆಯಲ್ಲಿ ಅದು ಸೇರಿಕೊಂಡಿದ್ದರೆ, ಪಿಪಿಐ ಒಂದೇ ಇರುವ ಮಾತ್ರೆ ಸಾಕಾಗುತ್ತದೆಯೇ ಎಂದು ವೈದ್ಯರನ್ನು ಕೇಳಲೇಬೇಕು.

ಎರಡನೆಯ ಹೆಜ್ಜೆ: ಅಪಾಯ ನಿಜವಾಗಿ ಇದೆಯೇ ಎಂದು ನೋಡಿ

ಜಠರದ ಒಳಗೋಡೆಯನ್ನು ಅದರದೇ ಆಮ್ಲದಿಂದ ಕಾಪಾಡುವುದು ಲೋಳೆಯ ಪದರ, ಬೈಕಾರ್ಬನೇಟ್ ಮತ್ತು ಧಾರಾಳವಾದ ರಕ್ತಸಂಚಾರ. ಈ ಮೂರನ್ನೂ ಸರಿಯಾಗಿ ಇಟ್ಟುಕೊಳ್ಳುವುದು ಪ್ರೋಸ್ಟಗ್ಲಾಂಡಿನ್ ಎಂಬ ರಾಸಾಯನಿಕಗಳು. ಐಬುಪ್ರೊಫೆನ್, ಡೈಕ್ಲೊಫಿನಾಕ್, ನ್ಯಾಪ್ರೊಕ್ಸೆನ್‌ನಂಥ ಉರಿಯೂತ ತಗ್ಗಿಸುವ ನೋವಿನ ಮಾತ್ರೆಗಳು ಮತ್ತು ಆಸ್ಪಿರಿನ್, ನೋವು ಹುಟ್ಟಿಸುವ ಪ್ರೋಸ್ಟಗ್ಲಾಂಡಿನ್‌ಗಳ ಜೊತೆಗೆ ಈ ರಕ್ಷಕ ಪ್ರೋಸ್ಟಗ್ಲಾಂಡಿನ್‌ಗಳ ಉತ್ಪಾದನೆಯನ್ನೂ ತಗ್ಗಿಸುತ್ತವೆ. ಹೀಗೆ ತೆಳುವಾದ ಗೋಡೆಯ ಮೇಲೆ ಆಮ್ಲದ ಕೆಲಸ ಸುಲಭವಾಗುತ್ತದೆ. ಈ ಪರಿಣಾಮ ಹೆಚ್ಚಾಗಿ ರಕ್ತದ ಮೂಲಕವೇ ಉಂಟಾಗುವುದರಿಂದ, ಚುಚ್ಚುಮದ್ದಿನ ರೂಪದಲ್ಲಿ ತೆಗೆದುಕೊಂಡರೆ ಹೊಟ್ಟೆಗೆ ತೊಂದರೆಯಿಲ್ಲ ಎಂಬ ನಂಬಿಕೆ ಸರಿಯಲ್ಲ. ಕರುಳಿನಲ್ಲಿ ಕರಗುವಂತೆ ಲೇಪನ ಮಾಡಿದ ಆಸ್ಪಿರಿನ್ ತೆಗೆದುಕೊಂಡರೆ ರಕ್ತಸ್ರಾವದ ಭಯವಿಲ್ಲ ಎಂಬುದೂ ಅಷ್ಟೇ ತಪ್ಪು ತಿಳಿವಳಿಕೆ. ಊಟವಾದ ಮೇಲೆ ನುಂಗಿದರೆ ಹೊಟ್ಟೆಯ ಕಿರಿಕಿರಿ ತಗ್ಗಬಹುದೇ ಹೊರತು ಹುಣ್ಣಿನ ಅಪಾಯ ತಪ್ಪುವುದಿಲ್ಲ.

ಇಂಥ ಮಾತ್ರೆ ತೆಗೆದುಕೊಳ್ಳುವ ಎಲ್ಲರಿಗೂ ರಕ್ಷಣೆ ಬೇಕಿಲ್ಲ. ಅಪಾಯವನ್ನು ಹೆಚ್ಚಿಸುವ ಅಂಶಗಳು ಯಾವುವೆಂಬುದು ಚೆನ್ನಾಗಿ ತಿಳಿದಿದೆ. ಹಿಂದೆ ಹೊಟ್ಟೆಹುಣ್ಣು ಅಥವಾ ಹೊಟ್ಟೆಯೊಳಗಿನ ರಕ್ತಸ್ರಾವ ಆಗಿರುವುದು ಎಲ್ಲಕ್ಕಿಂತ ದೊಡ್ಡದು. ಆ ಒಂದೇ ಅಂಶ ಇದ್ದರೂ ರಕ್ಷಣೆಯಿಲ್ಲದೆ ನೋವಿನ ಮಾತ್ರೆ ಮುಟ್ಟಬಾರದು. ಉಳಿದವೆಂದರೆ 65 ದಾಟಿದ ವಯಸ್ಸು, ನೋವಿನ ಮಾತ್ರೆಯ ಹೆಚ್ಚಿನ ಪ್ರಮಾಣ, ಎರಡು ಬಗೆಯ ನೋವಿನ ಮಾತ್ರೆಗಳನ್ನು ಒಟ್ಟಿಗೆ ನುಂಗುವುದು, ಜೊತೆಯಲ್ಲಿ ಆಸ್ಪಿರಿನ್ ಅಥವಾ ಕ್ಲೊಪಿಡೊಗ್ರೆಲ್, ವಾರ್ಫರಿನ್‌ನಂಥ ರಕ್ತ ಹೆಪ್ಪುಗಟ್ಟದಂತೆ ತಡೆಯುವ ಔಷಧಿ, ಪ್ರೆಡ್ನಿಸೊಲೋನ್‌ನಂಥ ಸ್ಟೀರಾಯ್ಡ್, ಖಿನ್ನತೆಗೆ ಕೊಡುವ ಎಸ್‌ಎಸ್‌ಆರ್‌ಐ ಗುಂಪಿನ ಮಾತ್ರೆಗಳು.

ಒಬ್ಬ ಕಾಲ್ಪನಿಕ ರೋಗಿಯನ್ನು ಹತ್ತಿರದಿಂದ ನೋಡೋಣ. ವಯಸ್ಸು 72, ಹೃದಯಾಘಾತವಾದ ನಂತರ ದಿನಕ್ಕೆ 75 ಮಿಲಿಗ್ರಾಂ ಆಸ್ಪಿರಿನ್ ಸೇವಿಸುತ್ತಿದ್ದಾರೆ. ಈಗ ಮಂಡಿನೋವಿಗೆಂದು ದಿನಕ್ಕೆರಡು ಬಾರಿ ನ್ಯಾಪ್ರೊಕ್ಸೆನ್ ಆರಂಭವಾಗಿದೆ. ಅವರಿಗೆ ಎದೆಯುರಿಯಿಲ್ಲ, ಹುಳಿತೇಗಿಲ್ಲ, ಹಸಿವೂ ಚೆನ್ನಾಗಿದೆ. ಆದರೂ ವಯಸ್ಸು ಒಂದು, ಆಸ್ಪಿರಿನ್ ಎರಡು, ನ್ಯಾಪ್ರೊಕ್ಸೆನ್ ಮೂರು ಎಂದು ಎಣಿಸಿದಾಗ ಇವರಿಗೆ ಪಿಪಿಐ ಬೇಕೇ ಬೇಕು ಎಂಬುದು ಸ್ಪಷ್ಟವಾಗುತ್ತದೆ. ಅದಕ್ಕಿಂತ ಮೊದಲು ಕೇಳಬೇಕಾದ ಪ್ರಶ್ನೆಯೂ ಒಂದಿದೆ. ನ್ಯಾಪ್ರೊಕ್ಸೆನ್ ಬೇಕೇ? ಪ್ಯಾರಾಸಿಟಮಾಲ್, ಹಚ್ಚಿಕೊಳ್ಳುವ ಜೆಲ್, ವ್ಯಾಯಾಮ ಇವುಗಳಿಂದ ನೋವು ಹತೋಟಿಗೆ ಬರುವುದಾದರೆ ಅಪಾಯದ ಮೂಲವೇ ಇಲ್ಲವಾಗುತ್ತದೆ. ನೋವಿನ ಮಾತ್ರೆಯನ್ನು ತಪ್ಪಿಸುವುದಕ್ಕಿಂತ ದೊಡ್ಡ ಮುನ್ನೆಚ್ಚರಿಕೆ ಯಾವುದೂ ಇಲ್ಲವೆಂದು ನನ್ನ ದೃಢವಾದ ಅಭಿಪ್ರಾಯ. ತಪ್ಪಿಸಲಾಗದಿದ್ದರೆ ಕಡಿಮೆ ಪ್ರಮಾಣ, ಕಡಿಮೆ ದಿನ. ಹೃದಯದ ಆಸ್ಪಿರಿನ್ ಅನ್ನು ಮಾತ್ರ ಹೊಟ್ಟೆಯ ಭಯದಿಂದ ಸ್ವಂತ ನಿರ್ಧಾರದಿಂದ ನಿಲ್ಲಿಸಕೂಡದು.

ಇನ್ನೊಂದು ಕಡೆ, ಆರೋಗ್ಯವಂತ ತರುಣರು ಹಲ್ಲುನೋವಿಗೆ ಮೂರು ನಾಲ್ಕು ದಿನ ಐಬುಪ್ರೊಫೆನ್ ತೆಗೆದುಕೊಳ್ಳುವಾಗ ರಕ್ಷಣೆಯ ಮಾತ್ರೆ ಬೇಕಿಲ್ಲ. ಆಂಟಿಬಯಾಟಿಕ್, ವಿಟಮಿನ್ ಅಥವಾ ಪ್ಯಾರಾಸಿಟಮಾಲ್ ಜೊತೆಗೆ ವಾಡಿಕೆಯಂತೆ ಕೊಡುವುದಕ್ಕೂ ಆಧಾರವಿಲ್ಲ. ಬೇರಾವ ಅಪಾಯದ ಅಂಶವೂ ಇಲ್ಲದವರು ಸ್ಟೀರಾಯ್ಡ್ ಒಂದನ್ನೇ ತೆಗೆದುಕೊಳ್ಳುತ್ತಿದ್ದರೆ ಸಾಮಾನ್ಯವಾಗಿ ಪಿಪಿಐ ಬೇಕಾಗುವುದಿಲ್ಲ. ಸ್ಟೀರಾಯ್ಡ್ ಮತ್ತು ನೋವಿನ ಮಾತ್ರೆ ಒಟ್ಟಿಗೆ ಸೇರಿದಾಗ ಅಪಾಯ ಜೋರಾಗಿ ಏರುತ್ತದೆ.

ಹಿಂದೆ ಹುಣ್ಣಾಗಿದ್ದವರು ದೀರ್ಘಕಾಲ ಆಸ್ಪಿರಿನ್ ಅಥವಾ ನೋವಿನ ಮಾತ್ರೆ ಆರಂಭಿಸುವ ಮುನ್ನ ಹೆಲಿಕೋಬ್ಯಾಕ್ಟರ್ ಪೈಲೋರಿ ಎಂಬ ಬ್ಯಾಕ್ಟೀರಿಯಾದ ಪರೀಕ್ಷೆ ಮಾಡಿಸಿಕೊಳ್ಳಬೇಕು. ಹೊಟ್ಟೆಹುಣ್ಣಿಗೆ ಇದು ಕಾರಣವೆಂದು ತೋರಿಸಿಕೊಟ್ಟ ಬ್ಯಾರಿ ಮಾರ್ಷಲ್ ಮತ್ತು ರಾಬಿನ್ ವಾರೆನ್ ಅವರಿಗೆ 2005ರಲ್ಲಿ ನೊಬೆಲ್ ಪ್ರಶಸ್ತಿ ಬಂದಿತು. ಸೋಂಕಿದ್ದರೆ ಅದನ್ನು ನಿರ್ಮೂಲ ಮಾಡದೆ ಬರೀ ಆಮ್ಲ ತಗ್ಗಿಸುತ್ತಾ ಹೋಗುವುದು ಅರ್ಧ ಕೆಲಸ. ಪರೀಕ್ಷೆಗೆ ಮುನ್ನ ಒಂದು ಎಚ್ಚರಿಕೆ: ಪಿಪಿಐ ಸೇವಿಸುತ್ತಿರುವಾಗ ಉಸಿರಿನ ಪರೀಕ್ಷೆ ಮತ್ತು ಮಲದ ಪರೀಕ್ಷೆ ಸೋಂಕಿದ್ದರೂ ಇಲ್ಲವೆಂದು ತೋರಿಸಬಹುದಾದ್ದರಿಂದ, ವೈದ್ಯರ ಒಪ್ಪಿಗೆಯಿದ್ದರೆ ಎರಡು ವಾರ ಮೊದಲೇ ಅದನ್ನು ನಿಲ್ಲಿಸಿರಬೇಕು.

ಮೂರನೆಯ ಹೆಜ್ಜೆ: ಪ್ರಮಾಣ

ಮುನ್ನೆಚ್ಚರಿಕೆಗೆ ಬೇಕಾಗುವುದು ದಿನಕ್ಕೆ ಒಂದೇ ಬಾರಿ, ಸಾಧಾರಣ ಪ್ರಮಾಣದಲ್ಲಿ. ಒಮೆಪ್ರಜೋಲ್ ಅಥವಾ ಎಸೊಮೆಪ್ರಜೋಲ್ ಆದರೆ 20 ಮಿಲಿಗ್ರಾಂ, ಲ್ಯಾನ್ಸೊಪ್ರಜೋಲ್ 15ರಿಂದ 30, ಪ್ಯಾಂಟೊಪ್ರಜೋಲ್ 20ರಿಂದ 40, ರಾಬೆಪ್ರಜೋಲ್ 20. ಬೆಳಿಗ್ಗೆ ಒಂದು, ರಾತ್ರಿ ಒಂದು ಎಂದು ನುಂಗಿದರೆ ರಕ್ಷಣೆ ಇಮ್ಮಡಿಯಾಗುವುದಿಲ್ಲ. ದಿನಕ್ಕೆರಡು ಬಾರಿಯ ಪ್ರಮಾಣ ಇರುವುದು ರಕ್ತಸ್ರಾವವಾದ ಹುಣ್ಣಿನ ಚಿಕಿತ್ಸೆ, ಪೈಲೋರಿ ನಿರ್ಮೂಲನದಂಥ ಬೇರೆ ಸಂದರ್ಭಗಳಿಗೆ. ಅಂಥ ಚಿಕಿತ್ಸೆ ಮುಗಿದ ಮೇಲೂ ಎರಡು ಹೊತ್ತಿನ ಅಭ್ಯಾಸ ಮುಂದುವರಿದಿದ್ದರೆ ಒಂದಕ್ಕೆ ಇಳಿಸುವ ಬಗ್ಗೆ ವೈದ್ಯರನ್ನು ಕೇಳಿ.

ಫ್ಯಾಮೋಟಿಡಿನ್ ಬಗ್ಗೆ ಸ್ಪಷ್ಟತೆ ಇರಬೇಕು. ಸಾಧಾರಣ ಪ್ರಮಾಣದಲ್ಲಿ ಎಚ್2 ತಡೆಗಳು ನೋವಿನ ಮಾತ್ರೆಯಿಂದ ಸಣ್ಣಕರುಳಿನ ಆರಂಭದಲ್ಲಾಗುವ ಹುಣ್ಣನ್ನು ತಡೆಯುತ್ತವೆಯಾದರೂ ಜಠರದ ಹುಣ್ಣನ್ನು ತಡೆಯುವುದರಲ್ಲಿ ಸೋಲುತ್ತವೆ. 40 ಮಿಲಿಗ್ರಾಂನಂತೆ ದಿನಕ್ಕೆರಡು ಬಾರಿ ಕೊಟ್ಟಾಗ ಜಠರದಲ್ಲೂ ಪ್ರಯೋಜನ ಕಂಡಿದೆ. ಆದರೂ ಪಿಪಿಐ ಸಹಿಸಲಾಗದವರಿಗೆ ಮಾತ್ರ ಇದನ್ನು ಯೋಚಿಸುವುದು ಲೇಸು. ಎಡೆಬಿಡದೆ ಸೇವಿಸಿದರೆ ಒಂದೆರಡು ವಾರಗಳಲ್ಲಿ ದೇಹ ಇದಕ್ಕೆ ಒಗ್ಗಿಕೊಂಡು ಪರಿಣಾಮ ಕುಗ್ಗುತ್ತದೆ ಎಂಬುದೂ ನೆನಪಿರಲಿ. ಮೂತ್ರಪಿಂಡ ದುರ್ಬಲವಾಗಿರುವವರಲ್ಲಿ, ವಿಶೇಷವಾಗಿ ವೃದ್ಧರಲ್ಲಿ, ಫ್ಯಾಮೋಟಿಡಿನ್ ದೇಹದಲ್ಲೇ ಉಳಿದು ಮಂಕು, ಗೊಂದಲ ಉಂಟುಮಾಡಬಹುದಾದ್ದರಿಂದ ಪ್ರಮಾಣ ತಗ್ಗಿಸಬೇಕು. ಪಿಪಿಐಗಳಿಗೆ ಮೂತ್ರಪಿಂಡದ ಕಾರಣಕ್ಕೆ ಪ್ರಮಾಣ ಬದಲಿಸಬೇಕಿಲ್ಲ, ಆದರೆ ಯಕೃತ್ತು ತೀವ್ರವಾಗಿ ಹದಗೆಟ್ಟಿದ್ದರೆ ಬದಲಿಸಬೇಕಾಗುತ್ತದೆ. ಎಸೊಮೆಪ್ರಜೋಲ್ ಅಂಥವರಿಗೆ 20 ಮಿಲಿಗ್ರಾಂ ಮೀರಬಾರದು.

ಮಿಸೊಪ್ರೊಸ್ಟಾಲ್ ಎಂಬ ಔಷಧಿ ಕಳೆದುಹೋದ ಪ್ರೋಸ್ಟಗ್ಲಾಂಡಿನ್‌ನ ಜಾಗವನ್ನು ತುಂಬಿ ಹುಣ್ಣು ತಡೆಯುತ್ತದೆ. ದಿನಕ್ಕೆ ನಾಲ್ಕು ಬಾರಿ 200 ಮೈಕ್ರೊಗ್ರಾಂ ಬೇಕಾಗುವುದರಿಂದಲೂ ಭೇದಿ ಮತ್ತು ಹೊಟ್ಟೆನುಲಿತ ತರುವುದರಿಂದಲೂ ಅದನ್ನು ಮುಂದುವರಿಸುವವರು ಕಡಿಮೆ. ಗರ್ಭಪಾತಕ್ಕೆ ಕಾರಣವಾಗುವುದರಿಂದ ಗರ್ಭಿಣಿಯರು ಹುಣ್ಣಿನ ತಡೆಗೆಂದು ಅದನ್ನು ಸೇವಿಸಲೇಬಾರದು.

ನಾಲ್ಕನೆಯ ಹೆಜ್ಜೆ: ಹೊತ್ತು

ಸರಿಯಾದ ಮಾತ್ರೆ, ಸರಿಯಾದ ಪ್ರಮಾಣ ಇದ್ದರೂ ತಪ್ಪು ಹೊತ್ತಿನಲ್ಲಿ ನುಂಗಿ ಪ್ರಯೋಜನ ಕಳೆದುಕೊಳ್ಳುವವರು ಬಹಳ. ಕಾರಣ ಈ ಔಷಧಿ ಕೆಲಸ ಮಾಡುವ ರೀತಿಯಲ್ಲೇ ಇದೆ. ನುಂಗಿದ ಪಿಪಿಐ ಜಠರದಲ್ಲಿ ಕರಗದೆ ಲೇಪನದೊಳಗೇ ಉಳಿದು, ಸಣ್ಣಕರುಳಿಗೆ ಹೋಗಿ, ಅಲ್ಲಿಂದ ರಕ್ತಕ್ಕೆ ಸೇರಿ, ರಕ್ತದ ಮೂಲಕ ಜಠರದ ಗೋಡೆಯ ಆಮ್ಲ ಉತ್ಪಾದಕ ಜೀವಕೋಶಗಳಿಗೆ ಬರುತ್ತದೆ. ಅಲ್ಲಿ ಆಮ್ಲ ಸುರಿಯುತ್ತಿರುವ ಪಂಪ್‌ಗಳ ಬಳಿ ಮಾತ್ರ ಅದು ಚುರುಕಾಗಿ, ಆ ಪಂಪ್‌ಗೆ ಶಾಶ್ವತವಾಗಿ ಅಂಟಿಕೊಂಡು ಅದನ್ನು ನಿಲ್ಲಿಸುತ್ತದೆ. ವಿಶ್ರಾಂತಿಯಲ್ಲಿರುವ ಪಂಪ್‌ಗಳನ್ನು ಅದು ಮುಟ್ಟಲಾರದು. ಪಂಪ್‌ಗಳು ಅತಿ ಹೆಚ್ಚು ಸಂಖ್ಯೆಯಲ್ಲಿ ಎಚ್ಚೆತ್ತುಕೊಳ್ಳುವುದು ರಾತ್ರಿಯ ಉಪವಾಸದ ನಂತರ ಹೊಟ್ಟೆಗೆ ಆಹಾರ ಬಿದ್ದಾಗ. ಔಷಧಿಯಾದರೋ ರಕ್ತದಲ್ಲಿ ಹೆಚ್ಚು ಹೊತ್ತು ಉಳಿಯುವುದಿಲ್ಲ. ಒಂದೆರಡು ಗಂಟೆಗೊಮ್ಮೆ ಅರ್ಧದಷ್ಟು ಕರಗುತ್ತಾ ಹೋಗುತ್ತದೆ. ಪಂಪ್‌ಗಳು ಎಚ್ಚೆತ್ತ ಹೊತ್ತು ಮತ್ತು ಔಷಧಿ ರಕ್ತದಲ್ಲಿರುವ ಹೊತ್ತು ಕೂಡಿಬರಬೇಕಾದರೆ ಬೆಳಗಿನ ಉಪಾಹಾರಕ್ಕೆ 30ರಿಂದ 60 ನಿಮಿಷ ಮೊದಲು, ಖಾಲಿ ಹೊಟ್ಟೆಯಲ್ಲಿ ನೀರಿನೊಂದಿಗೆ ನುಂಗಬೇಕು. ನುಂಗಿದ ಮೇಲೆ ಮಧ್ಯಾಹ್ನದವರೆಗೆ ಏನೂ ತಿನ್ನದಿದ್ದರೂ, ರಾತ್ರಿ ಮಲಗುವ ಮುನ್ನ ನುಂಗಿದರೂ ಪರಿಣಾಮ ಕುಂದುತ್ತದೆ. ಬೆಳಿಗ್ಗೆ ಏನೂ ತಿನ್ನದವರು ದಿನದ ಮೊದಲ ಊಟಕ್ಕೆ ಇದೇ ಲೆಕ್ಕವನ್ನು ಅನ್ವಯಿಸಿಕೊಳ್ಳಬಹುದು.

ಒಂದೇ ಮಾತ್ರೆಗೆ ಎಲ್ಲ ಪಂಪ್‌ಗಳೂ ಸಿಕ್ಕುವುದಿಲ್ಲ. ಅಂದು ತಪ್ಪಿಸಿಕೊಂಡವು ಮರುದಿನ, ಅದರ ಮರುದಿನ ಸಿಕ್ಕುತ್ತಾ ಹೋಗಿ ಮೂರರಿಂದ ಐದು ದಿನಗಳಲ್ಲಿ ಪೂರ್ಣ ಪರಿಣಾಮ ನೆಲೆಗೊಳ್ಳುತ್ತದೆ. ಈ ಕಾರಣಕ್ಕೇ, ಹೊಟ್ಟೆ ಉರಿದ ದಿನ ಒಂದು, ಮರೆತ ದಿನ ಇಲ್ಲ ಎಂಬ ಬಗೆಯ ಸೇವನೆ ಮುನ್ನೆಚ್ಚರಿಕೆಯ ಲೆಕ್ಕಕ್ಕೆ ಬರುವುದಿಲ್ಲ. ನೋವಿನ ಮಾತ್ರೆ ನಡೆಯುವಷ್ಟು ದಿನವೂ ಪ್ರತಿದಿನ ತೆಗೆದುಕೊಳ್ಳಬೇಕು. ಒಂದು ದಿನ ಮರೆತರೆ ನೆನಪಾದಾಗ ಮುಂದಿನ ಊಟಕ್ಕೆ ಮೊದಲು ತೆಗೆದುಕೊಳ್ಳಿ; ಮರುದಿನದ ಹೊತ್ತೇ ಹತ್ತಿರವಾಗಿದ್ದರೆ ಬಿಟ್ಟುಬಿಡಿ. ಎರಡನ್ನು ಒಟ್ಟಿಗೆ ನುಂಗಬೇಡಿ.

ಮಾತ್ರೆಯನ್ನು ಕುಟ್ಟುವುದಾಗಲಿ, ಅಗಿಯುವುದಾಗಲಿ ಕೂಡದು. ಲೇಪನ ಒಡೆದರೆ ಔಷಧಿ ಜಠರದ ಆಮ್ಲದಲ್ಲೇ ಹಾಳಾಗುತ್ತದೆ. ನುಂಗಲು ಕಷ್ಟಪಡುವವರಿಗೆ ಕೆಲವು ಕ್ಯಾಪ್ಸೂಲ್‌ಗಳನ್ನು ತೆರೆದು ಒಳಗಿನ ಕಾಳುಗಳನ್ನು ಮೆತ್ತನೆಯ ಹಣ್ಣಿನ ತಿರುಳಿನಲ್ಲಿ ಬೆರೆಸಿ, ಅಗಿಯದೆ ತಕ್ಷಣ ನುಂಗಿಸಬಹುದು. ಯಾವ ಕ್ಯಾಪ್ಸೂಲ್‌ಗೆ ಇದು ಸಲ್ಲುತ್ತದೆ ಎಂಬುದನ್ನು ಔಷಧಿ ಕೊಡುವವರಲ್ಲಿ ಕೇಳಿ ಖಚಿತಪಡಿಸಿಕೊಳ್ಳಿ.

ಐದನೆಯ ಹೆಜ್ಜೆ: ಉಳಿದ ಮಾತ್ರೆಗಳೊಂದಿಗೆ ಹೊಂದಾಣಿಕೆ

ಹೃದಯಕ್ಕೆ ಸ್ಟೆಂಟ್ ಹಾಕಿಸಿಕೊಂಡು ಆಸ್ಪಿರಿನ್ ಜೊತೆ ಕ್ಲೊಪಿಡೊಗ್ರೆಲ್ ತೆಗೆದುಕೊಳ್ಳುತ್ತಿರುವವರು ಇದನ್ನು ಗಮನವಿಟ್ಟು ಓದಬೇಕು. ಕ್ಲೊಪಿಡೊಗ್ರೆಲ್ ಯಕೃತ್ತಿನ ಒಂದು ಕಿಣ್ವದಿಂದ ಮಾರ್ಪಾಡಾದ ಮೇಲಷ್ಟೇ ಕೆಲಸ ಮಾಡುತ್ತದೆ. ಒಮೆಪ್ರಜೋಲ್ ಮತ್ತು ಎಸೊಮೆಪ್ರಜೋಲ್ ಅದೇ ಕಿಣ್ವವನ್ನು ತಡೆಯುತ್ತವೆ. ಹಾಗಾಗಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆಯಾದ ಎಫ್‌ಡಿಎ ಈ ಎರಡನ್ನು ಕ್ಲೊಪಿಡೊಗ್ರೆಲ್ ಜೊತೆ ಬಳಸದಂತೆ ಎಚ್ಚರಿಸಿದೆ. ಇಂಥವರಿಗೆ ಸಾಮಾನ್ಯವಾಗಿ ಪ್ಯಾಂಟೊಪ್ರಜೋಲ್ ಆರಿಸುತ್ತಾರೆ. ರಕ್ಷಣೆಯನ್ನೇ ಕೈಬಿಡುವುದು ಇದಕ್ಕೆ ಪರಿಹಾರವಲ್ಲ.

ಥೈರಾಯ್ಡ್ ಮಾತ್ರೆಯಾದ ಲೆವೊಥೈರಾಕ್ಸಿನ್ ಚೆನ್ನಾಗಿ ಹೀರಲ್ಪಡಲು ಆಮ್ಲ ಬೇಕು. ಆದ್ದರಿಂದ ಪಿಪಿಐ ಆರಂಭಿಸಿದ ಆರರಿಂದ ಎಂಟು ವಾರಗಳ ನಂತರ ಟಿಎಸ್‌ಎಚ್ ಎಂಬ ಥೈರಾಯ್ಡ್‌ನ ರಕ್ತಪರೀಕ್ಷೆ ಮಾಡಿಸುವುದು ಒಳ್ಳೆಯದು. ಕಬ್ಬಿಣದ ಮಾತ್ರೆ, ಇಟ್ರಾಕೊನಜೋಲ್ ಕ್ಯಾಪ್ಸೂಲ್, ಎಚ್‌ಐವಿಗೆ ಕೊಡುವ ಅಟಜನವಿರ್ ಮತ್ತು ರಿಲ್ಪಿವಿರಿನ್, ಹೆಚ್ಚಿನ ಪ್ರಮಾಣದ ಮೆಥೊಟ್ರೆಕ್ಸೇಟ್ ಇವುಗಳಲ್ಲಿ ಯಾವುದಾದರೂ ನಡೆಯುತ್ತಿದ್ದರೆ ಮೊದಲೇ ತಿಳಿಸಬೇಕು. ಆಂಟಾಸಿಡ್‌ಗಳು ಟೆಟ್ರಾಸೈಕ್ಲಿನ್, ಸಿಪ್ರೊಫ್ಲಾಕ್ಸಸಿನ್‌ನಂಥ ಔಷಧಿಗಳನ್ನು ಹೊಟ್ಟೆಯಲ್ಲೇ ಹಿಡಿದಿಟ್ಟುಕೊಳ್ಳುವುದರಿಂದ ಅವುಗಳ ನಡುವೆ ಕೆಲವು ಗಂಟೆಗಳ ಅಂತರವಿರಲಿ.

ಆರನೆಯ ಹೆಜ್ಜೆ: ಕೊನೆಯ ದಿನಾಂಕವನ್ನು ಮೊದಲೇ ಬರೆಸಿಕೊಳ್ಳಿ

ತೀವ್ರ ನಿಗಾ ಘಟಕದಲ್ಲಿ ಕೃತಕ ಉಸಿರಾಟದ ಯಂತ್ರದ ಮೇಲಿರುವವರಿಗೆ, ರಕ್ತ ಹೆಪ್ಪುಗಟ್ಟುವ ಶಕ್ತಿ ಕುಂದಿದವರಿಗೆ ಆಘಾತದಿಂದಾಗುವ ಹುಣ್ಣನ್ನು ತಡೆಯಲು ಪಿಪಿಐ ಕೊಡುತ್ತಾರೆ, ಅದು ಸರಿಯೂ ಹೌದು. ಆದರೆ ರೋಗಿ ಚೇತರಿಸಿಕೊಂಡು ವಾರ್ಡಿಗೆ, ಅಲ್ಲಿಂದ ಮನೆಗೆ ಬಂದಾಗ ಅದೇ ಮಾತ್ರೆ ಬಿಡುಗಡೆಯ ಚೀಟಿಯಲ್ಲೂ ಉಳಿದು, ಮುಂದೆ ಯಾರೂ ಅದನ್ನು ಪ್ರಶ್ನಿಸದೆ ವರ್ಷಗಳು ಕಳೆಯುವುದು ಬೇಸರದ ಸಂಗತಿ. ಆಸ್ಪತ್ರೆಯಿಂದ ಹೊರಡುವ ದಿನ ಚೀಟಿಯ ಪ್ರತಿ ಸಾಲಿಗೂ ‘ಇದು ಯಾವುದಕ್ಕೆ, ಎಂದಿನವರೆಗೆ’ ಎಂದು ಕೇಳಿ ಪಕ್ಕದಲ್ಲೇ ಬರೆಸಿಕೊಳ್ಳುವುದು ರೋಗಿಯ ಹಕ್ಕು. ನೋವಿನ ಮಾತ್ರೆಗೆ ರಕ್ಷಣೆಯಾಗಿ ಕೊಟ್ಟದ್ದಾದರೆ ನೋವಿನ ಮಾತ್ರೆ ನಿಂತಾಗ ಅದೂ ನಿಲ್ಲಬೇಕು. ಅಪಾಯ ಹೆಚ್ಚಿರುವವರಿಗೆ ಜೀವನಪೂರ್ತಿ ನಡೆಯುವ ಆಸ್ಪಿರಿನ್‌ಗೆ ರಕ್ಷಣೆಯಾಗಿ ಕೊಟ್ಟದ್ದಾದರೆ ಅದರ ಜೊತೆಗೇ ಮುಂದುವರಿಯಬೇಕು.

ಹೀಗೆ ದೀರ್ಘಕಾಲ ಸೇವಿಸಬೇಕಾದವರು ಭಯಪಡುವ ಕಾರಣವಿಲ್ಲ. 17,598 ಜನರನ್ನು ಒಳಗೊಂಡು 2019ರಲ್ಲಿ ಪ್ರಕಟವಾದ ಒಂದು ದೊಡ್ಡ ಪ್ರಯೋಗದಲ್ಲಿ ಸುಮಾರು ಮೂರು ವರ್ಷ ದಿನಕ್ಕೆ 40 ಮಿಲಿಗ್ರಾಂ ಪ್ಯಾಂಟೊಪ್ರಜೋಲ್ ಕೊಟ್ಟು ನೋಡಿದಾಗ, ಹುಸಿ ಮಾತ್ರೆಗೆ ಹೋಲಿಸಿದರೆ ಸ್ಪಷ್ಟವಾಗಿ ಹೆಚ್ಚಾದದ್ದು ಕರುಳಿನ ಸೋಂಕು ಮಾತ್ರ; ಅದೂ ಶೇ. 1.0ರಿಂದ ಶೇ. 1.4ಕ್ಕೆ. ಮೂಳೆ ಮುರಿತ, ಮೂತ್ರಪಿಂಡದ ಕಾಯಿಲೆ, ಮರೆವು ಇವುಗಳ ಬಗ್ಗೆ ಕೇಳಿಬರುವ ಆತಂಕ ಬಹುಮಟ್ಟಿಗೆ ವೀಕ್ಷಣಾ ಅಧ್ಯಯನಗಳಿಂದ ಬಂದದ್ದು; ಅಂಥ ಅಧ್ಯಯನಗಳು ಮಾತ್ರೆಯೇ ಕಾರಣವೆಂದು ಸಾಬೀತು ಮಾಡಲಾರವು. ಹಾಗೆಂದು ನಿಗಾ ಬಿಡುವಂತಿಲ್ಲ. ವರ್ಷ ಮೀರಿ ಸೇವಿಸುವವರಲ್ಲಿ, ಅದರಲ್ಲೂ ಮೂತ್ರ ಹೆಚ್ಚಿಸುವ ಮಾತ್ರೆ ಅಥವಾ ಡಿಗಾಕ್ಸಿನ್ ಜೊತೆಯಲ್ಲಿದ್ದರೆ, ಮೆಗ್ನೀಶಿಯಂ ಕುಸಿದು ಸ್ನಾಯುಸೆಳೆತ, ಎದೆಬಡಿತದ ಏರುಪೇರು ಕಾಣಿಸಬಹುದು. ಕೈಕಾಲು ಜೋಮು ಹಿಡಿಯುವುದು, ಸುಸ್ತು ಇದ್ದರೆ ಬಿ12 ಪರೀಕ್ಷೆ ಮಾಡಿಸಬೇಕು.

ಮಲ ಡಾಂಬರಿನಂತೆ ಕಪ್ಪಾಗಿ ಅಂಟುಅಂಟಾಗಿದ್ದರೆ, ವಾಂತಿಯಲ್ಲಿ ರಕ್ತ ಅಥವಾ ಕಾಫಿಪುಡಿಯಂಥ ಕಣಗಳು ಕಂಡರೆ ತಕ್ಷಣ ಆಸ್ಪತ್ರೆಗೆ ಹೋಗಬೇಕು. ಮಾತ್ರೆ ನುಂಗುತ್ತಿದ್ದೇನೆಂಬ ಧೈರ್ಯ ಇಲ್ಲಿ ಸಲ್ಲದು, ಏಕೆಂದರೆ ಪಿಪಿಐ ಅಪಾಯವನ್ನು ತಗ್ಗಿಸುತ್ತದೆಯೇ ವಿನಾ ಪೂರ್ತಿ ಇಲ್ಲವಾಗಿಸುವುದಿಲ್ಲ, ಮತ್ತು ಕರುಳಿನ ಕೆಳಭಾಗಕ್ಕೆ ಅದರ ರಕ್ಷಣೆ ತಲುಪುವುದೇ ಇಲ್ಲ. ನುಂಗಲು ತಡೆಯಾಗುವುದು, ಕಾರಣವಿಲ್ಲದೆ ತೂಕ ಇಳಿಯುವುದು, ರಕ್ತಹೀನತೆ ಇವೂ ಬೇಗನೆ ತಪಾಸಣೆ ಬೇಡುವ ಲಕ್ಷಣಗಳು. ಎದೆಯ ಒತ್ತಡ ಬೆವರಿನೊಂದಿಗೆ ಬಂದು ಭುಜಕ್ಕೋ ದವಡೆಗೋ ಹರಡಿದರೆ ಅದನ್ನು ಗ್ಯಾಸ್ ಎಂದುಕೊಂಡು ಮಾತ್ರೆ ನುಂಗಿ ಕಾಯಬಾರದು, ಅದು ಹೃದಯಾಘಾತವಾಗಿರಬಹುದು.

ಕೊನೆಯ ಹೆಜ್ಜೆ: ನಿಲ್ಲಿಸುವುದು

ತಿಂಗಳುಗಟ್ಟಲೆ ತಡೆಹಿಡಿದಿದ್ದ ಆಮ್ಲ, ಮಾತ್ರೆ ನಿಲ್ಲಿಸಿದ ಮೇಲೆ ಕೆಲವು ವಾರ ಮೊದಲಿಗಿಂತಲೂ ಹೆಚ್ಚಾಗಿ ಸ್ರವಿಸುತ್ತದೆ. 2009ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಯಾವ ತೊಂದರೆಯೂ ಇಲ್ಲದ ಆರೋಗ್ಯವಂತರಿಗೆ ಎಂಟು ವಾರ ಪಿಪಿಐ ಕೊಟ್ಟು ನಿಲ್ಲಿಸಿದಾಗ ಅವರಲ್ಲಿ ಶೇ. 44ರಷ್ಟು ಜನರಿಗೆ ಎದೆಯುರಿ, ಅಜೀರ್ಣ ಕಾಣಿಸಿಕೊಂಡಿತು. ಹುಸಿ ಮಾತ್ರೆ ಪಡೆದವರಲ್ಲಿ ಅದು ಶೇ. 15. ಈ ಉರಿಯನ್ನು ನೋಡಿ, ನನಗೆ ಈ ಮಾತ್ರೆ ಇಲ್ಲದೆ ಆಗುವುದೇ ಇಲ್ಲ ಎಂದು ಮತ್ತೆ ಆರಂಭಿಸಿಬಿಡುವವರು ಬಹಳ ಮಂದಿ. ಅದು ಹಳೆಯ ಕಾಯಿಲೆ ಮರುಕಳಿಸಿದ್ದಲ್ಲ, ನಿಲ್ಲಿಸಿದ್ದರ ತಾತ್ಕಾಲಿಕ ಪರಿಣಾಮ ಎಂದು ಮೊದಲೇ ತಿಳಿದಿದ್ದರೆ ದಾಟಿಹೋಗುವುದು ಸುಲಭ.

ಒಮ್ಮೆಲೇ ನಿಲ್ಲಿಸಬಹುದು, ಇಲ್ಲವೇ ಪ್ರಮಾಣವನ್ನು ಅರ್ಧಕ್ಕಿಳಿಸಿ, ನಂತರ ದಿನ ಬಿಟ್ಟು ದಿನ ಮಾಡಿ, ಎರಡರಿಂದ ನಾಲ್ಕು ವಾರಗಳಲ್ಲಿ ಬಿಡಬಹುದು. ನಡುವೆ ಉರಿ ಬಂದಾಗ ಆಂಟಾಸಿಡ್ ಅಥವಾ ಫ್ಯಾಮೋಟಿಡಿನ್ ಅನ್ನು ಅಂದಂದಿಗೆ ಮಾತ್ರ ಬಳಸಬಹುದು. ಹಿಂದೆ ಹುಣ್ಣಿನಿಂದ ರಕ್ತಸ್ರಾವವಾಗಿದ್ದು ಈಗಲೂ ಆಸ್ಪಿರಿನ್ ಸೇವಿಸುತ್ತಿರುವವರು, ಅನ್ನನಾಳದ ತೀವ್ರ ಉರಿಯೂತ ಅಥವಾ ಬ್ಯಾರೆಟ್ ಅನ್ನನಾಳ (ಆಮ್ಲದ ಹಾವಳಿಯಿಂದ ಅನ್ನನಾಳದ ಒಳಪದರ ಬದಲಾಗಿರುವ ಸ್ಥಿತಿ) ಇರುವವರು ಈ ಪ್ರಯತ್ನಕ್ಕೆ ಇಳಿಯಬಾರದು. ನಿಲ್ಲಿಸಿ ಎರಡು ತಿಂಗಳಾದರೂ ಉರಿ ತಗ್ಗದಿದ್ದರೆ ಬೇರೆ ಕಾರಣವಿರಬಹುದಾದ್ದರಿಂದ ವೈದ್ಯರಿಗೆ ತೋರಿಸಿ. ಮುಂದೆ ಎಂದಾದರೂ ನೋವಿನ ಮಾತ್ರೆ ಮತ್ತೆ ಆರಂಭವಾದರೆ, ವಯಸ್ಸನ್ನೂ ಜೊತೆಯ ಔಷಧಿಗಳನ್ನೂ ಹೊಸದಾಗಿ ಲೆಕ್ಕಕ್ಕೆ ತೆಗೆದುಕೊಂಡು, ರಕ್ಷಣೆ ಬೇಕೆಂದು ಕಂಡರೆ ಅದೇ ದಿನದಿಂದ ಪಿಪಿಐಯನ್ನೂ ಆರಂಭಿಸಬೇಕು.